ಹುಲಿ ಕಾಣಸ್ತದ ಏನ್ರಿ?

ನವೆಂಬರ್ ಬಂತೆಂದರೆ ನಮ್ಮನೆ ಫೋನಿಗೆ ಬಿಡುವಿಲ್ಲ. ಬೆಂಗಳೂರಿನಿಂದ ಮೈದುನ, ಪುಣೆಯಿಂದ ಅಕ್ಕನ ಮಗಳು, ಹೈದರಾಬಾದಿನಿಂದ ಕಾಲೇಜಿನ ಗೆಳತಿ, ಎಲ್ಲರದೂ ಒಂದೇ ವಿಚಾರಣೆ. “ವೈನಿ, ಡಿಸೆಂಬರ್‌ದಾಗ ನಾಲ್ಕು ದಿನ ರಜಾ ಅದ. ಪೆಂಚ್‌ಗೆ ಬರೂಣು ಅಂತ ಮಾಡೀವಿ. ಹುಲಿ ಕಾಣಸ್ತದ ಏನ್ರಿ?” ನಮ್ಮವರ ನೌಕರಿಯ ಬೆನ್ನು ಹತ್ತಿ ಧಾರವಾಡ ಬಿಟ್ಟು ಕಾಮಠಿಗೆ ಬಂದು ಹದಿನಾಲ್ಕು ವರ್ಷವಾಯಿತು. ಇಷ್ಟು ವರ್ಷಗಳಲ್ಲಿ ಈ ಪ್ರಶ್ನೆಗೆ ಒಬ್ಬೊಬ್ಬರಿಗೆ ಒಂದೊಂದು ರೀತಿ ಉತ್ತರ ಕೊಟ್ಟಿದ್ದೇನೆ. ಈ ಸಲ ಎಲ್ಲರಿಗೂ ಸೇರಿಸಿ ಅಂಕಣದಲ್ಲೇ ಹೇಳಿಬಿಡುತ್ತೇನೆ. ಉತ್ತರ ಸ್ವಲ್ಪ ಉದ್ದವಿದೆ, ಚಹಾ ಇಟ್ಟುಕೊಂಡು ಕೂಡಿ.

ಮೊದಲು ನಮ್ಮ ಊರಿನ ಗುರುತು. ನಾಗಪುರದಿಂದ ಈಶಾನ್ಯಕ್ಕೆ ಹದಿನಾರು ಕಿಲೋಮೀಟರ್ ದೂರದಲ್ಲಿ, ಕನ್ಹಾನ್ ನದಿಯ ದಂಡೆಯ ಮೇಲಿದೆ ಕಾಮಠಿ. 1821ರಲ್ಲಿ ಇಂಗ್ಲಿಷರು ಇಲ್ಲಿ ದಂಡು ಇಳಿಸಿದರು. ದಂಡಿನ ಬಹುಪಾಲು ಸಿಪಾಯಿಗಳು ಮದ್ರಾಸ್ ಸೈನ್ಯದವರು. ಅಂದರೆ ದಕ್ಷಿಣದ ಮಂದಿ ಹೊಟ್ಟೆಪಾಡಿಗಾಗಿ ಈ ಊರಿಗೆ ಬರುವುದು ನಮ್ಮಿಂದ ಶುರುವಾದದ್ದಲ್ಲ, ಅದಕ್ಕೆ ಇನ್ನೂರು ವರ್ಷದ ಹಳಮೆಯಿದೆ. ಊರಿನ ಹತ್ತಿರವೇ ಬೀನಾ ಎಂಬಲ್ಲಿ ಕನ್ಹಾನ್, ಪೆಂಚ್, ಕೋಲಾರ್ ಎಂಬ ಮೂರು ಹೊಳೆಗಳು ಕೂಡುತ್ತವೆ. ಕೋಲಾರ್ ಎಂಬ ಹೆಸರು ಕೇಳಿ ನಾನೂ ಮೊದಲು ಹಿಗ್ಗಿದ್ದೆ. ಆದರೆ ಈ ಹೊಳೆಗೂ ನಮ್ಮ ಕೋಲಾರಕ್ಕೂ ಯಾವ ಸಂಬಂಧವೂ ಇಲ್ಲ.

ನಿಜವಾದ ಸಂಬಂಧ ಇರುವುದು ರಸ್ತೆಯಲ್ಲಿ. ನಮ್ಮ ಊರಿನ ಪಕ್ಕ ಹಾಯುವ ರಾಷ್ಟ್ರೀಯ ಹೆದ್ದಾರಿ 44 ಅಂದರೆ ನೀವು ವಿಮಾನ ಹಿಡಿಯಲು ಓಡುವ ಬಳ್ಳಾರಿ ರಸ್ತೆ, ಸಿಲ್ಕ್ ಬೋರ್ಡ್ ದಾಟಿ ಒದ್ದಾಡುವ ಹೊಸೂರು ರಸ್ತೆ. ಅದೇ ರಸ್ತೆ ಹಿಡಿದು ಕಾಮಠಿಯಿಂದ ಉತ್ತರಕ್ಕೆ ಹೊರಟರೆ ಮನ್ಸರ್, ದೇವಲಾಪಾರ್ ದಾಟಿ ಒಂದೂವರೆ ಗಂಟೆಯಲ್ಲಿ ಎರಡೂ ಬದಿಗೆ ತೇಗದ ಕಾಡು ನಿಲ್ಲುತ್ತದೆ. ಅದೇ ಪೆಂಚ್. ಕಾಡಿಗೆ ಹೊಳೆಯ ಹೆಸರು. ಅರ್ಧ ಮಹಾರಾಷ್ಟ್ರದಲ್ಲಿ, ಅರ್ಧ ಮಧ್ಯಪ್ರದೇಶದಲ್ಲಿ. ಮಹಾರಾಷ್ಟ್ರದ ಕಡೆಯದನ್ನು 1975ರಲ್ಲಿ ರಾಷ್ಟ್ರೀಯ ಉದ್ಯಾನ ಮಾಡಿದರು, 1999ರಲ್ಲಿ ಹುಲಿ ಸಂರಕ್ಷಿತ ಪ್ರದೇಶ ಎಂದು ಘೋಷಿಸಿದರು. ಆ ಕಡೆಯದು ಅದಕ್ಕೂ ಮುಂಚೆ, 1992ರಲ್ಲೇ ಆಗಿತ್ತು.

ನಮ್ಮ ಕಡೆಯವರಿಗೆ ಈ ಕಾಡು ಪರಕೀಯ ಅನ್ನಿಸುವುದಿಲ್ಲ. ಗೈಡ್ ‘ಸಾಜಾ’ ಎಂದು ತೋರಿಸುವ ಮೊಸಳೆ ಚರ್ಮದಂಥ ತೊಗಟೆಯ ಮರ ನಮ್ಮ ಮತ್ತಿ. ‘ಮಹುವಾ’ ಅಂದರೆ ಹಿಪ್ಪೆ, ‘ಪಳಸ’ ಅಂದರೆ ಮುತ್ತುಗ, ‘ಬೀಜಾ’ ಅಂದರೆ ಹೊನ್ನೆ. ತೇಂದು ಅಂದರೆ ಬೀಡಿ ಎಲೆಯ ಮರ. ದಾಂಡೇಲಿಯಲ್ಲಿ ಸುತ್ತಾಡಿದವರಿಗೆ ಅರ್ಧ ಕಾಡು ಪರಿಚಯದ್ದೇ. ಇನ್ನೊಂದು ನಂಟು ಮಾತಿನದು. ಇಲ್ಲಿನ ಮೂಲನಿವಾಸಿಗಳಾದ ಗೋಂಡರ ಭಾಷೆ ಗೋಂಡಿ ನಮ್ಮ ಕನ್ನಡದ ಬಳಗದ್ದೇ, ದ್ರಾವಿಡ ಭಾಷೆ. ಒಮ್ಮೆ ಸಿಲ್ಲಾರಿ ಗೇಟಿನಲ್ಲಿ ನಮಗೆ ಗೈಡ್ ಆಗಿ ಬಂದ ಹುಡುಗಿಗೆ ಅವಳ ಅಜ್ಜಿಯ ಮಾತಿನಲ್ಲಿ ಎಣಿಸಿ ತೋರಿಸು ಎಂದೆ. “ಉಂದಿ, ರಂಡ್, ಮುಂಡ್, ನಾಲುಂಗ್” ಎಂದಳು. ನಾನು ಒಂದು, ಎರಡು, ಮೂರು, ನಾಲ್ಕು ಎಂದೆ. ಕೈಗೆ ಅವರೂ ಕೈ ಎನ್ನುತ್ತಾರೆ, ಕಣ್ಣಿಗೆ ಕಣ್, ಮರಕ್ಕೆ ಮರಾ. ಜೀಪಿನ ಹಿಂದಿನ ಸೀಟಿನಲ್ಲಿದ್ದ ನಮ್ಮ ಮೈದುನ ಹುಲಿ ಹುಡುಕುವುದನ್ನು ಬಿಟ್ಟು ಇದನ್ನೇ ಕೇಳುತ್ತ ಕುಳಿತ.

ಆ ಹುಡುಗಿ ನನ್ನನ್ನು ಕಾಕೂ ಎನ್ನುತ್ತಿದ್ದಳು. ಧಾರವಾಡದ ಕಡೆಯೂ ಅದೇ ಮಾತು, ಹಾಗಾಗಿ ಬೇಗ ಸಲಿಗೆಯಾಯಿತು. ಹೀಗೇ ಮಾತಾಡುತ್ತ ಅವಳು, “ಕಾಕೂ, ನಮ್ಮ ಅಜ್ಜಿ ಈ ಹಿಪ್ಪೆ ಮರದ ಕೆಳಗೆ ಹೂ ಆರಿಸುತ್ತಿದ್ದಳಂತೆ. ಈಗ ಜೀಪಿನಿಂದ ಇಳಿದರೆ ನನಗೂ ದಂಡ, ನಿಮಗೂ ದಂಡ” ಎಂದು ನಕ್ಕಳು. ದೂರು ಹೇಳುವ ಧಾಟಿಯೇನೂ ಇರಲಿಲ್ಲ. ನಿಯಮ ಅವಳಿಗೆ ಬಾಯಿಪಾಠ, ಅದು ಯಾಕೆ ಬೇಕು ಅನ್ನುವುದೂ ಗೊತ್ತು. ಆದರೂ ಆ ಮಾತು ನನ್ನ ತಲೆಯಲ್ಲಿ ಉಳಿಯಿತು. ಅಜ್ಜಿಗೆ ಅಂಗಳವಾಗಿದ್ದ ಕಾಡಿಗೆ ಈಗ ಗೇಟು. ಮೊಮ್ಮಗಳು ಒಳಗೆ ಹೋಗಬೇಕೆಂದರೆ ನಮ್ಮಂಥ ಪ್ರವಾಸಿಗರು ಟಿಕೆಟ್ ತೆಗೆಸಬೇಕು. ಇದು ಹೇಗಾಯಿತು ಎಂದು ತಿಳಿಯಬೇಕಾದರೆ ನೂರೈವತ್ತು ವರ್ಷ ಹಿಂದಕ್ಕೆ ಹೋಗಬೇಕು.

ನಾಗಪುರವನ್ನು 1702ರಲ್ಲಿ ಕಟ್ಟಿದವನು ದೇವಗಡದ ಗೋಂಡ ರಾಜ ಬಖ್ತ್ ಬುಲಂದ್ ಶಾಹ. ಆಮೇಲೆ ಭೋಸಲೆಯರು ಬಂದರು, ಆಮೇಲೆ ಇಂಗ್ಲಿಷರು. 1861ರಲ್ಲಿ ನಾಗಪುರವನ್ನು ರಾಜಧಾನಿ ಮಾಡಿ ಮಧ್ಯಪ್ರಾಂತವನ್ನು ರಚಿಸಿದಾಗ ಅವರ ಕಣ್ಣು ಬಿದ್ದದ್ದು ಸಾತ್ಪುಡಾ ಬೆಟ್ಟಗಳ ತೇಗ ಮತ್ತು ಸಾಲ ಮರಗಳ ಮೇಲೆ. 1867ರಲ್ಲಿ ಮುಂಬಯಿಯ ರೈಲು ನಾಗಪುರಕ್ಕೆ ಬಂತು. ಹಳಿಯ ಕೆಳಗೆ ಹಾಸಲು ಮರ ಬೇಕು, ಅದೂ ಲಕ್ಷಗಟ್ಟಲೆ. ಗುತ್ತಿಗೆದಾರರು ಕಡಿದ ವೇಗಕ್ಕೆ ಕಾಡು ಬೋಳಾಗುತ್ತದೆ ಎಂದು ಸರ್ಕಾರಕ್ಕೇ ಭಯವಾಯಿತು. 1865ರಲ್ಲಿ ದೇಶದ ಮೊದಲ ಅರಣ್ಯ ಕಾಯ್ದೆ ಬಂತು. ಅದೇ ವರ್ಷ ಇದೇ ಸಾತ್ಪುಡಾದ ಬೋರಿ ಕಾಡನ್ನು ಸರ್ಕಾರಿ ಮೀಸಲು ಎಂದು ಬೇರೆ ತೆಗೆದಿಟ್ಟರು. ದೇಶದ ಅತಿ ಹಳೆಯ ಮೀಸಲು ಅರಣ್ಯಗಳಲ್ಲಿ ಅದೂ ಒಂದು.

1878ರ ಕಾಯ್ದೆ ಇನ್ನೂ ಬಿಗಿ. ಕಾಡನ್ನು ಮೀಸಲು, ರಕ್ಷಿತ, ಗ್ರಾಮ ಅರಣ್ಯ ಎಂದು ಮೂರು ಪಾಲು ಮಾಡಿತು. ಮೀಸಲು ಕಾಡಿನಲ್ಲಿ ದನ ಮೇಯಿಸುವುದು, ಹುಲ್ಲು ಕೊಯ್ಯುವುದು, ಸೌದೆ ತರುವುದು, ಎಲ್ಲವೂ ಸರ್ಕಾರ ಬಿಟ್ಟರೆ ಉಂಟು, ಬಿಡದಿದ್ದರೆ ಇಲ್ಲ. ನಮ್ಮ ಮಲೆನಾಡಿನಲ್ಲಿ ಸೊಪ್ಪಿನ ಬೆಟ್ಟ, ದಕ್ಷಿಣ ಕನ್ನಡದಲ್ಲಿ ಕುಮ್ಕಿ, ಕೊಡಗಿನಲ್ಲಿ ಬಾಣೆ ಎಂದು ರೈತರಿಗೆ ಅಷ್ಟಿಷ್ಟು ಹಕ್ಕು ಹೆಸರಿನ ಸಮೇತ ಉಳಿಯಿತು. ಆ ಹೆಸರುಗಳನ್ನು ಹಿಡಿದು ಇಂದಿಗೂ ನ್ಯಾಯಾಲಯಗಳಲ್ಲಿ ಜಗಳವಾಡುತ್ತಾರೆ. ಕಾಡನ್ನು ಸರ್ಕಾರ ಉಳಿಸಿಕೊಂಡಿತು ಎನ್ನುವುದೂ ನಿಜ, ಕಾಡಿನವರಿಂದ ಕಸಿದುಕೊಂಡಿತು ಎನ್ನುವುದೂ ನಿಜ. ಒಂದನ್ನು ಹೇಳಿ ಇನ್ನೊಂದನ್ನು ಬಿಟ್ಟರೆ ಕಥೆ ಅರ್ಧವಾಗುತ್ತದೆ.

ಹೀಗೆ ಹಳ್ಳಿಯವರಿಗೆ ಬಾಗಿಲು ಕಿರಿದಾದ ಹೊತ್ತಿನಲ್ಲೇ ಇನ್ನೊಂದು ಬಾಗಿಲು ತೆರೆಯಿತು, ಮೋಜಿನ ಬಾಗಿಲು. ಮಧ್ಯಪ್ರಾಂತದ ದಂಡಿನ ಅಧಿಕಾರಿಗಳಿಗೆ ಬೇಸಿಗೆಯ ರಜೆ ಎಂದರೆ ಶಿಕಾರಿ. ಸರ್ಕಾರಿ ಕಾಡನ್ನು ಶಿಕಾರಿ ಬ್ಲಾಕುಗಳಾಗಿ ಹಂಚಿ, ಪರವಾನಗಿ ಕೊಟ್ಟು, ಕಾಡಿನೊಳಗೆ ಬಂಗಲೆ ಕಟ್ಟಿಸಿದರು. ಹಾಕೆ ಹಾಕಿ ಪ್ರಾಣಿಯನ್ನು ಎಬ್ಬಿಸಲು, ಹೊರೆ ಹೊರಲು ಬೇಕಾಗುತ್ತಿದ್ದದ್ದು ಅದೇ ಗೋಂಡರು. ಕ್ಯಾಪ್ಟನ್ ಜೇಮ್ಸ್ ಫಾರ್ಸಿತ್ ಎಂಬ ಅರಣ್ಯಾಧಿಕಾರಿ 1862ರಲ್ಲಿ ಪಚ್‌ಮಡಿಯಲ್ಲಿ ಬೈಸನ್ ಲಾಡ್ಜ್ ಕಟ್ಟಿಸಿದ. ಈ ಬೆಟ್ಟಸಾಲಿನ ಬಗ್ಗೆ ಅವನು ಬರೆದ ಪುಸ್ತಕ 1871ರಲ್ಲಿ ಬಂತು. ಸ್ಟರ್ನ್‌ಡೇಲ್ ಎಂಬ ಇನ್ನೊಬ್ಬ ಅಧಿಕಾರಿ 1877ರಲ್ಲಿ ಸಿವನಿ ಕಾಡಿನ ಬಗ್ಗೆ ಬರೆದ. ಆ ಪುಸ್ತಕ ಕಿಪ್ಲಿಂಗನ ಕೈಗೆ ಸಿಕ್ಕಿ 1894ರಲ್ಲಿ ಮೌಗ್ಲಿಯ ಕಥೆಯಾಯಿತು. ಕಿಪ್ಲಿಂಗ್ ಮಾತ್ರ ಸಿವನಿಗೆ ಕಾಲಿಟ್ಟವನಲ್ಲ. ಕಾಡನ್ನೇ ನೋಡದವನು ಬರೆದ ಕಥೆಯ ಹೆಸರಿನಲ್ಲಿ ಇಂದು ಇಲ್ಲಿನ ಅರ್ಧ ರೆಸಾರ್ಟುಗಳು ನಡೆಯುತ್ತಿವೆ.

ಆದರೆ ಯಾವ ರೆಸಾರ್ಟಿನ ಬೋರ್ಡಿನ ಮೇಲೂ ಕಾಣದ ಇನ್ನೊಂದು ಕಥೆ ಇದೇ ಕಾಡಿನದು. ಮಧ್ಯಪ್ರದೇಶದ ಕಡೆಯಿಂದ ಪೆಂಚ್ ನೋಡಲು ಹೋದರೆ ಮುಖ್ಯ ಗೇಟು ತುರಿಯಾ. ಬುಕಿಂಗ್ ಮಾಡುವಾಗ ಎಲ್ಲರೂ ಮೊದಲು ಹುಡುಕುವ ಹೆಸರು ಅದು, ಬೇಗ ಭರ್ತಿಯಾಗುವುದೂ ಅದೇ. 1930ರಲ್ಲಿ ಗಾಂಧೀಜಿ ದಂಡಿಯಲ್ಲಿ ಉಪ್ಪು ಎತ್ತಿದಾಗ ಸಮುದ್ರವೇ ಇಲ್ಲದ ಮಧ್ಯಪ್ರಾಂತದ ಜನ ಯಾವ ಕಾಯ್ದೆ ಮುರಿಯಬೇಕು ಎಂದು ಯೋಚಿಸಿದರು. ಅವರಿಗೆ ಸಿಕ್ಕಿದ್ದು ಅರಣ್ಯ ಕಾಯ್ದೆ. ಮೀಸಲು ಕಾಡಿಗೆ ನುಗ್ಗಿ ಹುಲ್ಲು ಕೊಯ್ಯುವುದೇ ಅವರ ಉಪ್ಪು. ಯವತ್ಮಾಳದ ಪುಸದ್‌ನಲ್ಲಿ ಜುಲೈ ತಿಂಗಳಲ್ಲಿ ಲೋಕನಾಯಕ ಬಾಪೂಜಿ ಅಣೆ ಅವರು ಹುಲ್ಲು ಕೊಯ್ದು ಜೈಲಿಗೆ ಹೋದರು. ಅಕ್ಟೋಬರ್ 9ರಂದು ತುರಿಯಾದಲ್ಲಿ ಸುತ್ತಲಿನ ಹಳ್ಳಿಗಳ ಜನ ಕುಡುಗೋಲು ಹಿಡಿದು ಸೇರಿದರು. ಪೊಲೀಸರು ಗುಂಡು ಹಾರಿಸಿದರು. ನಾಲ್ವರು ಸತ್ತರು. ಅವರಲ್ಲಿ ಮೂವರು ಹೆಂಗಸರು.

ಹುಲ್ಲಿಗಾಗಿ ಸತ್ತವರು! ಓದುವಾಗ ವಿಚಿತ್ರವೆನಿಸಬಹುದು. ಮನೆಯಲ್ಲಿ ಎರಡು ಎಮ್ಮೆ ಕಟ್ಟಿದವರಿಗೆ ವಿಚಿತ್ರವೆನಿಸದು. ನಮ್ಮಲ್ಲೂ ಇಂಥದ್ದು ನಡೆದಿದೆ. 1939ರಲ್ಲಿ ಚಿತ್ರದುರ್ಗದ ತುರುವನೂರಿನಲ್ಲಿ ಮೈಸೂರು ಸರ್ಕಾರದ ಕಾಡಿಗೆ ನುಗ್ಗಿ ಈಚಲು ಮರ ಕಡಿದು ಸತ್ಯಾಗ್ರಹ ಮಾಡಿದರು. ಅದರಲ್ಲಿ ಮುಂದೆ ನಿಂತವರು ಎಸ್. ನಿಜಲಿಂಗಪ್ಪ. ಉಪ್ಪಿನ ಸತ್ಯಾಗ್ರಹ ನಮ್ಮ ಪಠ್ಯಪುಸ್ತಕದಲ್ಲಿ ಪುಟಗಟ್ಟಲೆ ಇದೆ, ಹುಲ್ಲಿನದು ಒಂದು ಸಾಲು. ಹಾಗಾಗಿ ತುರಿಯಾ ಗೇಟಿನಲ್ಲಿ ಬೆಳಗಿನ ಐದೂವರೆಗೆ ಶಾಲು ಹೊದ್ದು ಜೀಪು ಹತ್ತುವ ಎಷ್ಟೋ ಮಂದಿಗೆ ಅಲ್ಲಿ ಏನಾಗಿತ್ತು ಎಂಬುದು ಗೊತ್ತಿರುವುದಿಲ್ಲ.

ಸ್ವಾತಂತ್ರ್ಯ ಬಂದ ಮೇಲೂ ಶಿಕಾರಿ ನಿಲ್ಲಲಿಲ್ಲ. 1970ರಲ್ಲಿ ಹುಲಿ ಬೇಟೆಗೆ ನಿಷೇಧ, 1972ರಲ್ಲಿ ವನ್ಯಜೀವಿ ಕಾಯ್ದೆ, 1973ರಲ್ಲಿ ಬಂಡೀಪುರವೂ ಸೇರಿ ಒಂಬತ್ತು ಕಾಡುಗಳಲ್ಲಿ ಹುಲಿ ಯೋಜನೆ ಬಂದ ಮೇಲೆ ಕೋವಿಯ ಜಾಗಕ್ಕೆ ಕ್ಯಾಮೆರಾ ಬಂತು. ಇದು ದೊಡ್ಡ ಬದಲಾವಣೆಯೇ, ಸಂಶಯವಿಲ್ಲ. ಕಾಲರ್‌ವಾಲಿ ಎಂದು ಹೆಸರಾದ ಪೆಂಚಿನ ಹೆಣ್ಣುಹುಲಿ ಎಂಟು ಹೆರಿಗೆಗಳಲ್ಲಿ 29 ಮರಿಗಳನ್ನು ಹೆತ್ತಿತು. 2022ರ ಜನವರಿಯಲ್ಲಿ ಅದು ಮುಪ್ಪಿನಿಂದ ಸತ್ತಾಗ ಹೂವಿಟ್ಟು ಚಿತೆಗೆ ಬೆಂಕಿ ಕೊಟ್ಟವಳು ಊರಿನ ಒಬ್ಬ ಆದಿವಾಸಿ ಹೆಣ್ಣುಮಗಳು. ಆ ಚಿತ್ರ ನೀವೂ ವಾಟ್ಸಾಪಿನಲ್ಲಿ ನೋಡಿರಬಹುದು.

ಹುಲಿ ಉಳಿಯಿತು. ಜನರ ಕಥೆ ಅಷ್ಟು ಸಲೀಸಲ್ಲ. ಪೆಂಚ್ ಹೊಳೆಗೆ ತೋತ್ಲಾಡೋಹ್‌ನಲ್ಲಿ ಅಣೆಕಟ್ಟು ಕಟ್ಟಿದರು. ಕಾಡಿನ ನಡುವೆಯೇ ಹಿನ್ನೀರು ಹರಡಿತು. ರಾಷ್ಟ್ರೀಯ ಉದ್ಯಾನದಿಂದ ಹೊರಬಂದ 305 ಆದಿವಾಸಿಗಳಿಗೆ ಆ ನೀರಿನಲ್ಲಿ ಮೀನು ಹಿಡಿಯಲು ಪರವಾನಗಿ ಕೊಟ್ಟದ್ದು ಸರಿಯೇ ಎಂಬ ಪ್ರಶ್ನೆ ಸುಪ್ರೀಂ ಕೋರ್ಟಿನವರೆಗೆ ಹೋಯಿತು. 1997ರಲ್ಲಿ ಕೋರ್ಟು ಪರವಾನಗಿಯನ್ನು ಕಿತ್ತುಹಾಕಲಿಲ್ಲ. ಆದರೆ ಫೋಟೋ ಇರುವ ಗುರುತಿನ ಚೀಟಿ ಬೇಕು, ಗೊತ್ತುಮಾಡಿದ ದಾರಿಯಲ್ಲೇ ಬರಬೇಕು, ದಂಡೆಯಲ್ಲಿ ಬೆಂಕಿ ಹಾಕಬಾರದು ಎಂದೆಲ್ಲ ಷರತ್ತು ಹಾಕಿತು. ಒಂದು ಕಡೆ ಬದುಕು, ಇನ್ನೊಂದು ಕಡೆ ಹುಲಿ. ತೂಗುವವರ ಕಷ್ಟವೂ ಅರ್ಥವಾಗುತ್ತದೆ.

ಆದರೆ ಆ ತಕ್ಕಡಿಯಲ್ಲಿ ನಾವೂ ಇದ್ದೇವೆ ಎಂಬುದು ನಮಗೆ ಮರೆತುಹೋಗುತ್ತದೆ. ತೋತ್ಲಾಡೋಹ್‌ನ ಕೆಳಗೆ ನವೇಗಾಂವ್ ಖೈರಿಯಲ್ಲಿ ಇನ್ನೊಂದು ಕಟ್ಟೆಯಿದೆ. ನಾಗಪುರದ ನಲ್ಲಿಗಳಿಗೆ ಹೆಚ್ಚಿನ ನೀರು ಬರುವುದು ಅಲ್ಲಿಂದ. ಕೋರಾಡಿಯ ವಿದ್ಯುತ್ ಸ್ಥಾವರಕ್ಕೂ ಪೆಂಚಿನದೇ ನೀರು. ಕೊಡಗಿನ ಕಾಡಿಗೂ ಬೆಂಗಳೂರಿನ ಕಾವೇರಿ ನಲ್ಲಿಗೂ ಇರುವ ಸಂಬಂಧವೇ ಇದು. ನಾವು ಕಾಡಿಗೆ ಹೋಗುವುದು ವರ್ಷಕ್ಕೊಮ್ಮೆ, ಕಾಡು ನಮ್ಮ ಮನೆಗೆ ಬರುವುದು ದಿನಾ ಬೆಳಿಗ್ಗೆ ಆರಕ್ಕೆ.

ಇನ್ನು ರಸ್ತೆಯ ವಿಷಯ. ಹೆದ್ದಾರಿ 44 ಈ ಕಾಡನ್ನು ಸೀಳಿಕೊಂಡೇ ಹೋಗುತ್ತದೆ. ನಾಲ್ಕು ಪಥ ಮಾಡುವಾಗ ದೊಡ್ಡ ವಾದವಿವಾದ ನಡೆದು, ಕೊನೆಗೆ ಮಹಾರಾಷ್ಟ್ರದ ಭಾಗದಲ್ಲಿ ಪ್ರಾಣಿಗಳು ಅಡಿಯಲ್ಲಿ ದಾಟಲು ಒಂಬತ್ತು ಕಡೆ ರಸ್ತೆಯನ್ನು ಕಂಬಗಳ ಮೇಲೆ ಎತ್ತಿದರು. ಅತಿ ಉದ್ದದ್ದು 750 ಮೀಟರ್. 2019ರಲ್ಲಿ ಕೆಳಗೆ ಕ್ಯಾಮೆರಾ ಇಟ್ಟು ನೋಡಿದಾಗ ಹನ್ನೊಂದು ಬೇರೆಬೇರೆ ಹುಲಿಗಳು ಅಲ್ಲಿ ಓಡಾಡಿದ್ದು ದಾಖಲಾಯಿತು. ಬಂಡೀಪುರದಲ್ಲಿ 2009ರಿಂದ ರಾತ್ರಿ ಒಂಬತ್ತರಿಂದ ಬೆಳಿಗ್ಗೆ ಆರರವರೆಗೆ ವಾಹನ ಸಂಚಾರಕ್ಕೇ ತಡೆ. ಅಲ್ಲಿ ಮನುಷ್ಯ ನಿಂತು ಪ್ರಾಣಿಗೆ ದಾರಿ ಬಿಟ್ಟ, ಇಲ್ಲಿ ಹಣ ಸುರಿದು ಇಬ್ಬರಿಗೂ ದಾರಿ ಮಾಡಿದರು. ಯಾವುದು ಮೇಲು ಎಂದು ನನ್ನನ್ನು ಕೇಳಿದರೆ ನನಗೆ ಬಂಡೀಪುರವೇ ಹಿಡಿಸುತ್ತದೆ. ಕಾಡಿನಲ್ಲಿ ರಾತ್ರಿ ಸದ್ದೂ ಇರುವುದಿಲ್ಲ, ಬೆಳಕೂ ಇರುವುದಿಲ್ಲ. ಆದರೆ ದೇಶದ ಉತ್ತರ ದಕ್ಷಿಣವನ್ನು ಜೋಡಿಸುವ ರಸ್ತೆಯನ್ನು ರಾತ್ರಿ ಮುಚ್ಚಲು ಯಾರೂ ಒಪ್ಪುವುದಿಲ್ಲ ಎಂಬುದೂ ಗೊತ್ತು. ಬೆಂಗಳೂರಿಗೆ ಬರುವ ನಾಗಪುರದ ಕಿತ್ತಳೆಯ ಲಾರಿಗಳನ್ನು ದಿನಾ ನೋಡುವವಳು ನಾನು.

ಬೆಳಕಿನ ಮಾತು ಬಂತು. ಇತ್ತೀಚೆಗೆ ಪೆಂಚಿನಲ್ಲಿ ನನಗೆ ಅತಿ ಖುಷಿ ಕೊಟ್ಟ ಸಂಗತಿ ಹುಲಿಯದಲ್ಲ, ಕತ್ತಲೆಯದು. 2024ರ ಜನವರಿಯಲ್ಲಿ ಮಹಾರಾಷ್ಟ್ರದ ಪೆಂಚ್ ಭಾರತದ ಮೊದಲ ‘ಡಾರ್ಕ್ ಸ್ಕೈ ಪಾರ್ಕ್’ ಆಯಿತು. ಅಂದರೆ ರಾತ್ರಿಯ ಆಕಾಶ ಕೆಡದಂತೆ ಕಾಪಾಡುವ ಜಾಗ. ಇದಕ್ಕಾಗಿ ವಾಘೋಲಿ, ಸಿಲ್ಲಾರಿ, ಪಿಪರಿಯಾ, ಖಾಪಾ ಎಂಬ ಹಳ್ಳಿಗಳಲ್ಲಿ ನೂರಕ್ಕೂ ಹೆಚ್ಚು ಬೀದಿದೀಪಗಳನ್ನು ಬದಲಿಸಿ, ಬೆಳಕು ಮೇಲಕ್ಕೆ ಚೆಲ್ಲದೆ ನೆಲಕ್ಕೆ ಮಾತ್ರ ಬೀಳುವಂತೆ ಮಾಡಿದರು. ವಾಘೋಡಾ ಕೆರೆಯ ಹತ್ತಿರ ಆಕಾಶ ನೋಡಲು ಜಾಗ ಮಾಡಿದ್ದಾರೆ. ಚಳಿಗಾಲದ ಒಂದು ಅಮಾವಾಸ್ಯೆಗೆ ನಾವು ಹೋಗಿದ್ದೆವು. ಊರಲ್ಲಿ ನಾಲ್ಕೈದು ಚುಕ್ಕಿ ಎಣಿಸಿದರೆ ಹೆಚ್ಚು. ಅಲ್ಲಿ ಕೃತ್ತಿಕೆಯ ಗೊಂಚಲು ಕಣ್ಣಿಗೇ ಬಿಡಿಬಿಡಿಯಾಗಿ ಕಂಡಿತು. ಇಲ್ಲಿ ಯಾರನ್ನೂ ಹೊರಗೆ ಹಾಕಿಲ್ಲ. ಹಳ್ಳಿಯವರು ತಮ್ಮ ದೀಪವನ್ನು ಸ್ವಲ್ಪ ತಗ್ಗಿಸಿದ್ದಾರೆ, ನಾವು ಸದ್ದು ತಗ್ಗಿಸಿ ಕೂಡಬೇಕು, ಅಷ್ಟೆ. ಕಾಡಿನ ಮೋಜು ಹೀಗೂ ಇರಬಹುದಲ್ಲ ಎನ್ನಿಸಿತು.

ಇದನ್ನೆಲ್ಲ ಹೇಳಿ ನಿಮ್ಮ ರಜೆಯ ಖುಷಿಗೆ ಮಣ್ಣು ಹಾಕುವ ಉದ್ದೇಶ ನನ್ನದಲ್ಲ. ಸಫಾರಿಯ ದುಡ್ಡಿನಿಂದಲೇ ಆ ಗೈಡ್ ಹುಡುಗಿಯ ಮನೆ ನಡೆಯುತ್ತದೆ. ಕಾಡಿನ ಅಂಚಿನ ಹಳ್ಳಿಯವರಿಗೆ ಹುಲಿಯಿಂದ ಲಾಭವೂ ಇದೆ ಎಂದಾದಾಗಲೇ ಹುಲಿ ಉಳಿಯುವುದು. ಮತ್ತೆ, ಜನರನ್ನು ಹೊರಗಿಟ್ಟರೆ ಮಾತ್ರ ಕಾಡು ಉಳಿಯುತ್ತದೆ ಎಂಬುದೂ ಪೂರ್ತಿ ಸರಿಯಲ್ಲ. 2006ರ ಅರಣ್ಯ ಹಕ್ಕು ಕಾಯ್ದೆಯ ಕೆಳಗೆ 2011ರಲ್ಲಿ ನಮ್ಮ ಬಿಳಿಗಿರಿರಂಗನ ಬೆಟ್ಟದ ಸೋಲಿಗರಿಗೆ ಸಮುದಾಯ ಹಕ್ಕು ಸಿಕ್ಕಿತು. ಹುಲಿ ಸಂರಕ್ಷಿತ ಪ್ರದೇಶದೊಳಗೆ ಅಂಥ ಹಕ್ಕು ಸಿಕ್ಕಿದ್ದು ದೇಶದಲ್ಲೇ ಅದು ಮೊದಲು. ಅಲ್ಲಿ ಈಗಲೂ ಜೇನೂ ಇದೆ, ನೆಲ್ಲಿಯೂ ಇದೆ, ಹುಲಿಯೂ ಇದೆ. ಗೈಡ್ ಹುಡುಗಿಗೆ ಇದನ್ನು ಹೇಳಿದಾಗ ಅವಳು ಒಂದೇ ಪ್ರಶ್ನೆ ಕೇಳಿದಳು: “ಅವರು ಹೂ ಆರಿಸುವಾಗ ದಂಡ ಇಲ್ಲವೇ, ಕಾಕೂ?”

ಇರಲಿ. ಬರುವವರಿಗೆ ನಾಲ್ಕು ಮಾತು. ಮಳೆಗಾಲದ ಮೂರು ತಿಂಗಳು, ಜುಲೈಯಿಂದ ಸೆಪ್ಟೆಂಬರ್‌ವರೆಗೆ, ಒಳಕಾಡು ಮುಚ್ಚಿರುತ್ತದೆ. ಬುಕಿಂಗ್ ಅರಣ್ಯ ಇಲಾಖೆಯ ಜಾಲತಾಣದಲ್ಲೇ ಆಗುತ್ತದೆ, ಏಜೆಂಟರು ಬೇಕಿಲ್ಲ. ತುರಿಯಾ ಭರ್ತಿಯಾಗಿದೆ ಎಂದು ಕೈಚೆಲ್ಲಬೇಡಿ. ಮಹಾರಾಷ್ಟ್ರದ ಕಡೆ ಸಿಲ್ಲಾರಿ, ಖುರ್ಸಾಪಾರ್, ಚೋರಬಾಹುಲಿ, ಕೋಲಿತ್‌ಮಾರಾ ಎಂದು ಹಲವು ಗೇಟುಗಳಿವೆ, ಗದ್ದಲ ಕಡಿಮೆ, ಕಾಡು ಅದೇ. ಡಿಸೆಂಬರಿನ ಬೆಳಗಿನ ಜೀಪಿನಲ್ಲಿ ಚಳಿ ಎಲುಬಿಗೆ ಇಳಿಯುತ್ತದೆ, ಕಂಬಳಿ ತನ್ನಿ. ಹುಲಿಯೇ ಬೇಕೆಂದರೆ ಏಪ್ರಿಲ್-ಮೇ ಒಳ್ಳೆಯದು. ನೀರು ಇಂಗಿ ಪ್ರಾಣಿಗಳು ಕೆರೆಗೆ ಬರುತ್ತವೆ, ಆದರೆ ವಿದರ್ಭದ ಬಿಸಿಲು ಹೇಗಿರುತ್ತದೆ ಎಂಬುದನ್ನು ರಾಯಚೂರಿನವರನ್ನು ಕೇಳಿಕೊಂಡು ಬನ್ನಿ.

ಜೀಪಿನಲ್ಲಿ ಕುಳಿತ ಮೇಲೆ ಗೈಡಿಗೆ ಹುಲಿ ಎಲ್ಲಿ ಎಂದು ಕೇಳುವ ಮೊದಲು ನಿಮ್ಮ ಊರು ಯಾವುದು ಎಂದು ಕೇಳಿ. ಮರಗಳ ಹೆಸರು ಕೇಳಿ, ನಮ್ಮ ಕನ್ನಡದ ಹೆಸರು ಅವರಿಗೂ ಹೇಳಿ. ತುರಿಯಾದಲ್ಲಿ ಇಳಿದರೆ 1930ರಲ್ಲಿ ಇಲ್ಲಿ ಏನಾಯಿತು ಎಂದು ವಿಚಾರಿಸಿ. ಮಕ್ಕಳ ಎದುರಿಗೇ ವಿಚಾರಿಸಿ. ಮೌಗ್ಲಿಯ ಕಥೆ ಅವರಿಗೆ ಗೊತ್ತಿದೆ, ಹುಲ್ಲು ಕೊಯ್ಯಲು ಹೋಗಿ ಜೀವ ಬಿಟ್ಟ ಆ ಮೂವರು ಹೆಂಗಸರದೂ ಗೊತ್ತಾಗಲಿ.

ಹುಲಿ ಕಾಣಸ್ತದ ಏನ್ರಿ ಅಂದರೆ, ಕಂಡರೂ ಕಂಡೀತು. ಹದಿನಾಲ್ಕು ವರ್ಷದಲ್ಲಿ ನನಗೆ ಕಂಡದ್ದು ಮೂರು ಸಲ. ಹಿಪ್ಪೆ ಮರ ಮಾತ್ರ ಪ್ರತಿ ಸಲವೂ ಕಂಡಿದೆ.